ಪರದೇಶದಲ್ಲಿ ರೈಲು ಹತ್ತುವುದು

ಸ್ವದೇಶದಲ್ಲಿ ರೈಲು ಹತ್ತುವುದು ಯಾರೂ ನಮಗೆ ಕುಳ್ಳಿರಿಸಿಕೊಂಡು ಕಲಿಸಿಕೊಟ್ಟ ವಿದ್ಯೆಯಲ್ಲ. ಮೈಸೂರಿನಿಂದ ಮದ್ದೂರಿಗೆ ಹೋಗತಕ್ಕವನು ಬೆಂಗಳೂರೆಂದು ಹೆಸರು ಬರೆದ ಗಾಡಿಯನ್ನು ಹುಡುಕಬೇಕೆಂಬುದನ್ನು ನಾವು ಯಾವ ಪುಸ್ತಕದಲ್ಲಿಯೂ ಓದಿದವರಲ್ಲ. ತಂದೆಯವರ ಬೆರಳು ಹಿಡಿದು ಸ್ಟೇಷನ್ನಿಗೆ ಹೋದ ವಯಸ್ಸಿನಲ್ಲಿಯೇ ಅದು ಮೈಗೂಡಿತು. ಆದುದರಿಂದಲೇ ಈ ವಿಷಯದಲ್ಲಿ ತಿಳಿಯದೆ ಇರುವುದು ಏನಾದರೂ ಉಂಟೆಂಬ ಶಂಕೆಯೇ ನಮಗೆ ಬರುವುದಿಲ್ಲ. ಪರದೇಶಕ್ಕೆ ಹೋಗುವವರು ವಿಮಾನದ ಟಿಕೇಟಿಗಾಗಿ ಆರು ತಿಂಗಳು ಆಲೋಚಿಸುತ್ತಾರೆ, ವೀಸಾಕ್ಕಾಗಿ ಹತ್ತು ಕಾಗದಗಳನ್ನು ಕೂಡಿಸುತ್ತಾರೆ. ರೈಲಿನ ಮಾತು ಬಂದಾಗ ಮಾತ್ರ, 'ಅಲ್ಲಿ ಹೋಗಿ ನೋಡಿಕೊಂಡರಾಯಿತು' ಎನ್ನುತ್ತಾರೆ. ನಾವೂ ಹಾಗೆಯೇ ಎಂದಿದ್ದೆವು.

2023ರ ಬೇಸಗೆಯಲ್ಲಿ ನಾವು ದಂಪತಿಗಳಿಬ್ಬರೂ ಯೂರೋಪಿಗೆ ಹೋಗಬೇಕಾಗಿ ಬಂದಿತು. ನಮ್ಮ ತಂಗಿಯ ಮಗಳು ಇಟಲಿಯ ಪಾಡುವಾ ನಗರದಲ್ಲಿ ವಿದ್ಯಾಭ್ಯಾಸ ಮಾಡುತ್ತಿದ್ದಳು. 1222ರಲ್ಲಿ ಹುಟ್ಟಿದ, ಗೆಲಿಲಿಯೋ ಹದಿನೆಂಟು ವರ್ಷ ಪಾಠ ಹೇಳಿದ ವಿಶ್ವವಿದ್ಯಾನಿಲಯವದು. ಅಲ್ಲಿ ಪದವಿಯ ಕೊನೆಯ ಪರೀಕ್ಷೆ ಬಂಧುಮಿತ್ರರ ಸಮಕ್ಷಮದಲ್ಲಿಯೇ ನಡೆಯುವುದು. ಮುಗಿದೊಡನೆ ವಿದ್ಯಾರ್ಥಿಯ ತಲೆಗೆ ಲಾರೆಲ್ ಎಲೆಗಳ ಕಿರೀಟವನ್ನಿಡುವರು. ಮಂಡಿನೋವಿನಿಂದ ನಮ್ಮ ತಂಗಿಗೆ ಪ್ರಯಾಣ ಸಾಧ್ಯವಿರಲಿಲ್ಲ. 'ಅಣ್ಣ, ನೀವಾದರೂ ಅವಳ ಪಕ್ಕದಲ್ಲಿ ನಿಂತುಕೊಳ್ಳಿ' ಎಂದು ಕೇಳಿಕೊಂಡಳು. ಪರೀಕ್ಷೆ ಬೆಳಗ್ಗೆ ಹನ್ನೊಂದಕ್ಕೆ. ನಮ್ಮ ವಿಮಾನ ಇಳಿಯುವುದು ಜರ್ಮನಿಯ ಮ್ಯೂನಿಕ್ ನಗರದಲ್ಲಿ, ಹಿಂದಿನ ದಿನ ಬೆಳಗ್ಗೆ. ನಡುವೆ ಆಲ್ಪ್ಸ್ ಪರ್ವತಗಳು.

ವೇಳಾಪಟ್ಟಿಯನ್ನು ಹುಡುಕುವುದರಿಂದ ನಮ್ಮ ಕಷ್ಟಗಳು ಆರಂಭವಾದುವು. ಹಿಂದೆ ಇದಕ್ಕೆ ಪುಸ್ತಕಗಳಿದ್ದುವು. ಇಂಗ್ಲೆಂಡಿನಲ್ಲಿ ಜಾರ್ಜ್ ಬ್ರಾಡ್‌ಷಾ ಎಂಬಾತನು 1839ರಲ್ಲಿ ಮೊದಲ ರೈಲುವೇಳೆಯ ಪುಸ್ತಕವನ್ನು ಅಚ್ಚುಹಾಕಿಸಿದನು. 1961ರಲ್ಲಿ ನಿಲ್ಲುವವರೆಗೂ ಆ ಪುಸ್ತಕದ ಹೆಸರೇ ವೇಳಾಪಟ್ಟಿಯೆಂಬುದಕ್ಕೆ ಪರ್ಯಾಯಪದವಾಗಿತ್ತು. ಯೂರೋಪು ಖಂಡಕ್ಕೆಲ್ಲ ಒಂದೇ ಪುಸ್ತಕವೆಂಬಂತೆ ಥಾಮಸ್ ಕುಕ್ ಸಂಸ್ಥೆಯವರು 1873ರಲ್ಲಿ ತೊಡಗಿದ ಪಟ್ಟಿ 2013ರವರೆಗೆ ಅವರಿಂದಲೇ ಬಂದಿತು. ಅವರು ಕೈಬಿಟ್ಟ ಮೇಲೆ ಆ ಕೆಲಸದಲ್ಲಿದ್ದವರೇ 2014ರಲ್ಲಿ ಸ್ವತಂತ್ರವಾಗಿ ಅದನ್ನು ಮತ್ತೆ ಹೊರತಂದರು. ಅಂತಹ ಪುಸ್ತಕವೊಂದರ ಹಳೆಯ ಪ್ರತಿ ನಮ್ಮಲ್ಲಿದೆ. ಅದರ ಅಂಕಣಗಳಲ್ಲಿ ಕಣ್ಣು ಹಾಯಿಸಿ ಕೂತಲ್ಲಿಯೇ ದೇಶ ಸುತ್ತುವ ಸುಖವು ಫೋನಿನ ಗಾಜಿನ ಮೇಲೆ ಇಲ್ಲವೆಂಬುದು ನಮ್ಮ ಅಭಿಪ್ರಾಯ. ಆದರೆ ಹಳೆಯ ಪಟ್ಟಿಯನ್ನು ನಂಬಿ ಗಾಡಿ ಹತ್ತುವವರು ಯಾರೂ ಇಲ್ಲವಷ್ಟೆ.

ಈಗ ವೇಳೆಯನ್ನು ತಿಳಿಯಲು ಅಂತರಜಾಲವೇ ಗತಿ. ಅಲ್ಲಿ ನಾವು ಮೊದಲು ಹೋದದ್ದು, ಎಲ್ಲ ದೇಶಗಳ ಟಿಕೇಟನ್ನೂ ಮಾರುವೆವೆಂದು ಹೇಳಿಕೊಳ್ಳುವ ಮಧ್ಯವರ್ತಿಯೊಬ್ಬರ ತಾಣಕ್ಕೆ. ಅವರ ಹೆಸರು ಬೇಡ. ಅವರು ತೋರಿಸಿದ ಗಾಡಿಗಳು ಕೆಲವೇ. ಬೆಲೆಯ ಮೇಲೆ ತಮ್ಮ ಸೇವಾಶುಲ್ಕವೆಂದು ಬೇರೆ ಹಣ. ಹಣ ಕಟ್ಟುವ ಮುನ್ನ ನಮ್ಮ ಸೋದರಸೊಸೆಗೆ ಫೋನು ಮಾಡಿದೆವು. 'ಮಾವ, ವೇಳೆ ಕೇಳೋದು ಒಬ್ಬರ ಹತ್ತಿರ, ಟಿಕೇಟು ಕೊಳ್ಳೋದು ಇನ್ನೊಬ್ಬರ ಹತ್ತಿರ. ಎರಡನ್ನೂ ಒಂದೇ ಅಂಗಡೀಲಿ ಹುಡುಕಬೇಡಿ' ಎಂದಳು. ಈ ಒಂದು ಮಾತಿನಲ್ಲಿ ಅರ್ಧ ವಿದ್ಯೆ ಅಡಗಿದೆಯೆಂದು ಆಮೇಲೆ ನಮಗೆ ತಿಳಿಯಿತು.

ನಮ್ಮ ದೇಶದಲ್ಲಿ ರೈಲ್ವೆ ಬಹುಮಟ್ಟಿಗೆ ಒಂದೇ ಮನೆ. ವೇಳೆ ಹೇಳುವವರೂ ಅವರೇ, ಟಿಕೇಟು ಕೊಡುವವರೂ ಅವರೇ. ಯೂರೋಪಿನಲ್ಲಿ ದೇಶಕ್ಕೊಂದು ರೈಲ್ವೆ, ಕೆಲವು ದೇಶಗಳಲ್ಲಿ ಹಲವು. ಇಟಲಿಯಲ್ಲಿ ಅತಿವೇಗದ ಗಾಡಿಗಳನ್ನು ಸರ್ಕಾರದ ಒಡೆತನದ ಟ್ರೆನಿಟಾಲಿಯಾ ಓಡಿಸುತ್ತದೆ. 2012ರಿಂದ ಇಟಾಲೊ ಎಂಬ ಖಾಸಗಿ ಸಂಸ್ಥೆಯೂ ಅದೇ ಹಳಿಗಳ ಮೇಲೆ ಓಡಿಸುತ್ತಿದೆ. ಒಬ್ಬರ ಟಿಕೇಟು ಇನ್ನೊಬ್ಬರ ಗಾಡಿಗೆ ಸಲ್ಲದು. ಒಬ್ಬರು ಇನ್ನೊಬ್ಬರ ಗಾಡಿಯನ್ನು ತಮ್ಮ ಅಂಗಡಿಯಲ್ಲಿ ತೋರಿಸಲೂ ಆರರು. ಇತ್ತ ಜರ್ಮನ್ ರೈಲ್ವೆಯವರು ತಮ್ಮ ತಾಣದಲ್ಲಿ ತಮ್ಮ ಗಾಡಿಗಳನ್ನಲ್ಲದೆ ಯೂರೋಪಿನ ಬಹುಭಾಗದ ಗಾಡಿಗಳ ವೇಳೆಯನ್ನೂ ಕೊಡುತ್ತಾರೆ. ಎರಡು ಪರದೇಶದ ಊರುಗಳ ಹೆಸರು ಬರೆದರೂ ಉತ್ತರ ಬರುವುದು. ಆದರೆ ಅವುಗಳಲ್ಲಿ ಅನೇಕಕ್ಕೆ ಅವರಲ್ಲಿ ಟಿಕೇಟಿಲ್ಲ. ಬೆಲೆ ಕಾಣದಿದ್ದಾಗ ಗಾಡಿಯೇ ಇಲ್ಲವೆಂದು ಭ್ರಮಿಸಬಾರದು. ವೇಳೆಯನ್ನೂ ಗಾಡಿಯ ಸಂಖ್ಯೆಯನ್ನೂ ಅಲ್ಲಿ ಗುರುತು ಹಾಕಿಕೊಂಡು, ಆ ಗಾಡಿ ಓಡುವ ದೇಶದ ರೈಲ್ವೆಯವರ ತಾಣದಲ್ಲಿ ಕೊಳ್ಳತಕ್ಕದ್ದು.

ಇದೇ ಜಾತಿಯ ಭ್ರಮೆ ಇನ್ನೊಂದುಂಟು. ನಮ್ಮ ಮಿತ್ರರೊಬ್ಬರು ಜನವರಿಯ ಪ್ರಯಾಣಕ್ಕೆ ಸೆಪ್ಟೆಂಬರಿನಲ್ಲಿ ಹುಡುಕಿ, ಗಾಡಿ ಕಾಣದೆ, ಮಾರ್ಗವೇ ಮುಚ್ಚಿಹೋಗಿದೆಯೆಂದು ವಿಮಾನಕ್ಕೆ ಹಣ ಸುರಿದರು. ಯೂರೋಪಿನ ರೈಲುಗಳಿಗೆಲ್ಲ ವರ್ಷಕ್ಕೊಮ್ಮೆ, ಡಿಸೆಂಬರಿನ ಎರಡನೆಯ ಶನಿವಾರದ ಮಧ್ಯರಾತ್ರಿ, ಹೊಸ ವೇಳಾಪಟ್ಟಿ ಜಾರಿಗೆ ಬರುವುದು. ಅದರಿಂದಾಚೆಯ ಗಾಡಿಗಳನ್ನು ಮಾರಾಟಕ್ಕಿಡುವುದು ಅನೇಕ ವೇಳೆ ತಡವಾಗುತ್ತದೆ. ಕೆಲವು ವಾರ ತಾಳಿದ್ದರೆ ಅವರ ಗಾಡಿ ತಾನಾಗಿಯೇ ಕಾಣಿಸಿಕೊಳ್ಳುತ್ತಿತ್ತು.

ಊರಿನ ಹೆಸರಿನ ಬಗೆಗೂ ಎಚ್ಚರ ಬೇಕು. ನಾವು ಪಾಡುವಾ ಎಂದು ಹುಡುಕುತ್ತಿದ್ದೆವು. ಅಲ್ಲಿಯವರ ಪಟ್ಟಿಯಲ್ಲಿ ಅದು ಪಾದೋವ. ಫ್ಲಾರೆನ್ಸ್ ಎಂಬುದು ಫಿರೆಂಜೆ, ವೆನಿಸ್ ಎಂಬುದು ವೆನೇತ್ಸಿಯಾ; ಅದರಲ್ಲಿಯೂ ಮೇಸ್ತ್ರೆ ಎಂಬ ನಿಲ್ದಾಣ ನೆಲದ ಮೇಲಿನ ಉಪನಗರದಲ್ಲಿದೆ, ಸಾಂತಾ ಲೂಚಿಯಾ ಎಂಬುದೇ ನೀರಿನ ನಡುವಣ ಊರು. ಜರ್ಮನಿಯಲ್ಲಿ ಫ್ರಾಂಕ್‌ಫರ್ಟುಗಳು ಎರಡು: ಮೈನ್ ನದಿಯ ಮೇಲಿನದೊಂದು, ಪೋಲೆಂಡಿನ ಗಡಿಯಲ್ಲಿ ಓಡರ್ ನದಿಯ ಮೇಲಿನದೊಂದು. ಇದಕ್ಕೂ ಅದಕ್ಕೂ ದೇಶದ ಅಗಲದಷ್ಟು ದೂರ. ಬೆಂಗಳೂರಿಗೆ ಟಿಕೇಟು ಕೊಂಡು ಯಶವಂತಪುರದಲ್ಲಿ ಇಳಿದವನಿಗೆ ಆಟೋರಿಕ್ಷಾ ಇದೆ. ಓಡರಿನ ದಡದಲ್ಲಿ ಇಳಿದವನಿಗೆ ಯಾವ ಆಟೋರಿಕ್ಷಾವೂ ಒದಗದು.

ಇನ್ನು ಟಿಕೇಟಿನ ವಿಚಾರ. ನಮ್ಮ ಮಾತಿನ ಮುಖ್ಯಭಾಗ ಇದೇ.

ಪರದೇಶದಲ್ಲಿ ಟಿಕೇಟು ಕೊಳ್ಳುವವರು ಮೊದಲು ಕೇಳುವುದು 'ಎಷ್ಟು ಹಣ?' ಎಂದು. ಅದಕ್ಕಿಂತ ಮುಂಚೆ ಕೇಳಬೇಕಾದುದು, 'ಈ ಟಿಕೇಟು ಒಂದು ಗಾಡಿಗೆ ಕಟ್ಟಿದ್ದೋ, ಕಟ್ಟಿಲ್ಲದ್ದೋ?' ಎಂಬುದು. ದೂರ ಓಡುವ ವೇಗದ ಗಾಡಿಗಳನ್ನು ರೈಲ್ವೆಯವರು ವ್ಯಾಪಾರವಾಗಿ ನಡೆಸುತ್ತಾರೆ. ಬೇಗ ಕೊಂಡವನಿಗೆ ಅಗ್ಗ, ತಡವಾಗಿ ಬಂದವನಿಗೆ ದುಬಾರಿ. ಅಗ್ಗದ ಟಿಕೇಟು ಆ ದಿನದ, ಆ ಒಂದು ಗಾಡಿಗೆ ಮಾತ್ರ. ಅದು ತಪ್ಪಿದರೆ ಮುಂದಿನ ಗಾಡಿಯಲ್ಲಿ ಅದು ಬರಿಯ ಕಾಗದ. ಊರೂರಿಗೆ ನಿಲ್ಲುವ ಪ್ರಾಂತೀಯ ಗಾಡಿಗಳ ಕಥೆ ಬೇರೆ. ಅವನ್ನು ಓಡಿಸಲು ಪ್ರಾಂತಗಳ ಸರ್ಕಾರಗಳು ಹಣ ಕೊಡುತ್ತವೆ, ದರ ಗೊತ್ತುಮಾಡಿದ್ದು. ಇಟಲಿಯಲ್ಲಿ ಅಂತಹ ಟಿಕೇಟನ್ನು ಮೂರು ತಿಂಗಳು ಮುಂಚೆ ಕೊಂಡರೂ ಅದೇ ಬೆಲೆ, ಗಾಡಿ ಬರುವ ಐದು ನಿಮಿಷ ಮುಂಚೆ ಕೊಂಡರೂ ಅದೇ ಬೆಲೆ, ಮುಗಿದುಹೋಯಿತೆಂಬ ಮಾತಿಲ್ಲ. ನಮ್ಮಲ್ಲಿಯ ಕಾದಿರಿಸಿದ ಟಿಕೇಟಿಗೂ ಸಾಮಾನ್ಯ ಟಿಕೇಟಿಗೂ ಇರುವ ಭೇದವೇ ಸರಿಸುಮಾರಾಗಿ ಇದು. ಆದರೆ ಕಾಯುವವರ ಪಟ್ಟಿಯೆಂಬ ನಮ್ಮ ಆಶಾಸೂತ್ರ ಅಲ್ಲಿಲ್ಲ.

ಇದು ತಿಳಿದ ಮೇಲೆ ನಮ್ಮ ಸೋದರಸೊಸೆಯ ಯೋಜನೆಯ ಜಾಣ್ಮೆ ನಮಗೆ ಅರ್ಥವಾಯಿತು. ಮ್ಯೂನಿಕ್ಕಿನಿಂದ ಬ್ರೆನ್ನರ್ ಕಣಿವೆಯನ್ನು ದಾಟಿ ಇಟಲಿಯ ವೆರೋನಾದವರೆಗೆ ಸುಮಾರು ಐದೂವರೆ ಗಂಟೆಯ ಹಾದಿ. ಅದಕ್ಕೆ ಎರಡು ತಿಂಗಳು ಮುಂಚೆಯೇ ಗಾಡಿಗೆ ಕಟ್ಟಿದ ಅಗ್ಗದ ಟಿಕೇಟನ್ನು ಕೊಳ್ಳುವುದು. ವೆರೋನಾದಿಂದ ಪಾಡುವಾಕ್ಕೆ ಎಂಬತ್ತು ಕಿಲೋಮೀಟರು. ಅದಕ್ಕೆ ಮುಂಗಡವಾಗಿ ಏನನ್ನೂ ಕೊಳ್ಳದೆ, ಇಳಿದ ಮೇಲೆ ಪ್ರಾಂತೀಯ ಗಾಡಿಗೆ ಕೊಳ್ಳುವುದು. ಎರಡನ್ನೂ ಕಟ್ಟಿದ ಟಿಕೇಟಾಗಿ ಬೇರೆ ಬೇರೆ ಕೊಂಡಿದ್ದರೆ, ಮೊದಲ ಗಾಡಿ ತಡವಾದಾಗ ಎರಡನೆಯದು ಹಾಳು. ಎರಡನೆಯ ಗಾಡಿಯವರಿಗೆ ಮೊದಲನೆಯದರ ಹೊಣೆಯಿಲ್ಲ. ಒಂದೇ ಟಿಕೇಟಾಗಿ ಕೊಂಡಿದ್ದರೆ ಮಾತು ಬೇರೆ: ಮುಂದಕ್ಕೆ ಕರೆದೊಯ್ಯುವ ಹೊಣೆ ಮಾರಿದವರದು. ಜರ್ಮನಿಯಲ್ಲಿ, ಮುಟ್ಟಬೇಕಾದ ಊರನ್ನು 20 ನಿಮಿಷಕ್ಕಿಂತ ತಡವಾಗಿ ಮುಟ್ಟುವ ಸಂಭವವಿದ್ದರೆ ಟಿಕೇಟಿನ ಕಟ್ಟು ಸಡಿಲವಾಗಿ ಬೇರೆ ಗಾಡಿಯನ್ನೇರಬಹುದು. ಯೂರೋಪಿಯನ್ ಒಕ್ಕೂಟದ ಕಾನೂನಿನಂತೆ ಒಂದು ಗಂಟೆ ತಡವಾದರೆ ಬೆಲೆಯ ನಾಲ್ಕನೆಯ ಒಂದು ಪಾಲು, ಎರಡು ಗಂಟೆಯಾದರೆ ಅರ್ಧ ಪಾಲು ಹಿಂದಿರುಗಿ ಬರಬೇಕು. ಹವಾಮಾನದ ಅತಿರೇಕದಂತಹ ಕೆಲವು ಕಾರಣಗಳಿಗೆ ವಿನಾಯಿತಿಯಿದೆ. ಕೇಳದವರಿಗೆ ಸಾಮಾನ್ಯವಾಗಿ ಯಾರೂ ಕರೆದು ಕೊಡುವುದಿಲ್ಲ, ಅರ್ಜಿ ಹಾಕಬೇಕು.

ಟಿಕೇಟು ಕೊಳ್ಳಲು ಕುಳಿತಾಗ ಹಣ ಹೋಗಲೊಲ್ಲದು. ಮೂರು ಸಾರಿ ಸಂಖ್ಯೆ ಒತ್ತಿದೆವು, ಮೂರು ಸಾರಿಯೂ ನಿರಾಕರಣೆ. ನಮ್ಮ ಮನೆಯವರು, 'ನಮ್ಮ ದುಡ್ಡು ಅವರಿಗೆ ಬೇಡವಂತೆ' ಎಂದರು. ದೋಷ ಅಲ್ಲಿಯದಲ್ಲ. ರಿಜರ್ವ್ ಬ್ಯಾಂಕಿನ ನಿಯಮದಂತೆ 2020ರ ಮಾರ್ಚಿನಿಂದೀಚೆಗೆ ನಮ್ಮ ಬ್ಯಾಂಕುಗಳು ಹೊಸದಾಗಿ ಕೊಡುವ ಕಾರ್ಡುಗಳು ಒಳದೇಶದ ಉಪಯೋಗಕ್ಕೆ ಮಾತ್ರ ತೆರೆದಿರುತ್ತವೆ. ಪರದೇಶದ ವ್ಯವಹಾರವನ್ನು ನಾವಾಗಿ ತೆರೆಯಿಸಿಕೊಳ್ಳಬೇಕು. ಊರಿನಲ್ಲಿರುವಾಗಲೇ ಇದನ್ನು ಮಾಡಿಕೊಳ್ಳುವುದು ಲೇಸು. ಪರದೇಶದಲ್ಲಿದ್ದು ಮಾಡುವುದಾದರೆ ಬ್ಯಾಂಕಿನವರು ಕಳುಹಿಸುವ ಗುಪ್ತಸಂಖ್ಯೆ ನಮ್ಮ ಊರಿನ ಫೋನ್ ನಂಬರಿಗೆ ಬರುವುದು, ಆ ನಂಬರು ಪೆಟ್ಟಿಗೆಯ ತಳದಲ್ಲಿ ಮಲಗಿರುವುದು.

ಪಾಸುಗಳೆಂಬುವೂ ಉಂಟು. ಯೂರೋಪಿನ ಹೊರಗಿನವರಿಗಾಗಿ 1959ರಲ್ಲಿ ಆರಂಭವಾದ ಯೂರೇಲ್ ಪಾಸು ಪ್ರಸಿದ್ಧವಾದುದು. ದಿನಕ್ಕೊಂದು ಊರು ಸುತ್ತುವ ತರುಣರಿಗೆ ಅದು ಲಾಭ. ಒಂದು ಊರಿಗೆ ಹೋಗಿ ಒಂದು ವಾರ ಕೂರುವ ನಮ್ಮಂಥವರಿಗೆ ನಷ್ಟ. ಅಲ್ಲದೆ ಇಟಲಿ, ಫ್ರಾನ್ಸ್, ಸ್ಪೇನುಗಳ ವೇಗದ ಗಾಡಿಗಳಲ್ಲಿ ಪಾಸಿದ್ದರೂ ಆಸನಕ್ಕೆ ಬೇರೆ ಹಣ ತೆರಬೇಕು.

ಆಸನದ ಮಾತು ಬಂದಿತು. ಇಟಲಿಯ ವೇಗದ ಗಾಡಿಯಲ್ಲಿ ಟಿಕೇಟೆಂದರೆ ಆಸನವೂ ಸೇರಿದ್ದು. ಜರ್ಮನಿಯ ಗಾಡಿಗಳಲ್ಲಿ ಸಾಮಾನ್ಯವಾಗಿ ಹಾಗಲ್ಲ: ಟಿಕೇಟು ಬೇರೆ, ಆಸನ ಬೇರೆ. ಆಸನ ಕೊಳ್ಳದವನು ಗಾಡಿ ಹತ್ತಬಹುದು. ಬರಿದಾದ ಸ್ಥಳವಿದ್ದರೆ ಕೂರಬಹುದು, ಇಲ್ಲವಾದರೆ ನಿಲ್ಲಬಹುದು. ಆಸನದ ಮೇಲ್ಗಡೆ ಯಾವ ಊರಿನಿಂದ ಯಾವ ಊರಿಗೆ ಕಾದಿರಿಸಿದೆಯೆಂಬುದು ಬರೆದಿರುವುದು. ಅದನ್ನು ಓದಿ ಕೂತರೆ ಎಬ್ಬಿಸಿಕೊಳ್ಳುವ ಅವಮಾನವಿಲ್ಲ. ಈ ಮುಪ್ಪಿನಲ್ಲಿ ಐದೂವರೆ ಗಂಟೆ ನಿಲ್ಲುವ ಧೈರ್ಯವಿಲ್ಲದೆ ನಾವು ಆಸನಕ್ಕೂ ಹಣ ಕೊಟ್ಟೆವು. ಕಿಟಕಿಯ ಹೊರಗೆ ಬ್ರೆನ್ನರಿನ ಹಿಮಶಿಖರಗಳನ್ನು ಕಂಡಾಗ ಆ ಹಣ ಸಾರ್ಥಕವೆನಿಸಿತು.

ವೆರೋನಾದಲ್ಲಿ ಇಳಿದಾಗ ಹೊತ್ತು ಇಳಿಯುತ್ತಲಿತ್ತು. ನಿಲ್ದಾಣದಲ್ಲಿ ಹಳದಿ ಕಾಗದದ ಮೇಲೆ ಹೊರಡುವ ಗಾಡಿಗಳೂ ಬಿಳಿಯ ಕಾಗದದ ಮೇಲೆ ಬರುವ ಗಾಡಿಗಳೂ ಅಚ್ಚಾಗಿದ್ದುವು. ಜರ್ಮನಿಯಲ್ಲಿಯೂ ಬಣ್ಣಗಳು ಇವೇ. ಹಳದಿಯಲ್ಲಿ ಎಷ್ಟು ಹುಡುಕಿದರೂ ಪಾದೋವಕ್ಕೆ ಹೊರಡುವ ಗಾಡಿ ಕಾಣಲಿಲ್ಲ. ನಮ್ಮ ಮನೆಯವರೇ, 'ಮದ್ದೂರಿನ ಗಾಡಿ ಅಂತ ಎಲ್ಲಾದರೂ ಬರೆದಿರುತ್ತದೆಯೇ? ಮುಂದಿನ ಊರು ನೋಡಿ' ಎಂದರು. ವೆನೇತ್ಸಿಯಾಕ್ಕೆ ಹೋಗುವ ಗಾಡಿಯ ಕೆಳಗೆ ಸಣ್ಣಕ್ಷರದಲ್ಲಿ ಪಾದೋವ ಕುಳಿತಿತ್ತು. ಆ ಸಾಲುಗಳ ಪಕ್ಕದ ಗುರುತುಗಳನ್ನೂ ಓದಬೇಕು: ಅಡ್ಡಡ್ಡಲಾಗಿಟ್ಟ ಎರಡು ಸುತ್ತಿಗೆಗಳ ಚಿತ್ರವಿದ್ದರೆ ಆ ಗಾಡಿ ಕೆಲಸದ ದಿನಗಳಲ್ಲಿ ಮಾತ್ರ, ಶಿಲುಬೆಯಿದ್ದರೆ ಭಾನುವಾರ ಮತ್ತು ಹಬ್ಬಗಳಲ್ಲಿ ಮಾತ್ರ. ಆ ದೇಶದ ಹಬ್ಬ ಯಾವಾಗ ಎಂಬುದು ಪರದೇಶಿಗೆ ಹೇಗೆ ತಿಳಿಯಬೇಕು? ಹೋಗುವ ಮುನ್ನ ಅವರ ಪಂಚಾಂಗವನ್ನು ನೋಡಿಕೊಂಡೇ ಹೋಗಬೇಕು.

ಯಂತ್ರದಲ್ಲಿ ಹಣ ಹಾಕಿ ಎರಡು ಟಿಕೇಟು ಪಡೆದು, ಗಾಡಿ ಹತ್ತಿ, ನಾಳೆಯ ಸಮಾರಂಭದ ಮಾತನಾಡುತ್ತ ಕುಳಿತೆವು. ಹತ್ತು ನಿಮಿಷದಲ್ಲಿ ಪರೀಕ್ಷಕರು ಬಂದರು. ಟಿಕೇಟನ್ನು ಹಿಂದುಮುಂದು ತಿರುಗಿಸಿ, 'ಮುದ್ರೆಯೆಲ್ಲಿ?' ಎಂದು ಇಂಗ್ಲಿಷಿನಲ್ಲಿ ಕೇಳಿದರು. ಯಾವ ಮುದ್ರೆ? ಹಣ ಕೊಟ್ಟಿದ್ದೇವೆ, ಟಿಕೇಟು ಕೈಯಲ್ಲಿದೆ! ಡಬ್ಬಿಯ ಜನರೆಲ್ಲ ನಮ್ಮನ್ನೇ ನೋಡುತ್ತಿದ್ದರು. ನಲವತ್ತು ವರ್ಷದ ಉದ್ಯೋಗದಲ್ಲಿ ಒಂದು ದಿನವೂ ಟಿಕೇಟಿಲ್ಲದೆ ರೈಲು ಹತ್ತದ ನಾವು ಕಳ್ಳರಂತೆ ತಲೆ ತಗ್ಗಿಸಿ, ಟಿಕೇಟಿನ ಬೆಲೆಯ ಹಲವು ಪಟ್ಟು ದಂಡ ತೆತ್ತೆವು. ಪರೀಕ್ಷಕರು ಒರಟಾಗಿ ಒಂದು ಮಾತನ್ನೂ ಆಡಲಿಲ್ಲ, ರಸೀತಿ ಬರೆದುಕೊಟ್ಟರು. ಅದರಿಂದ ನಾಚಿಕೆ ಇನ್ನೂ ಹೆಚ್ಚಿತು.

ಆ ರಾತ್ರಿ ನಮ್ಮ ಸೋದರಸೊಸೆ ಕಾರಣವನ್ನು ಬಿಡಿಸಿ ಹೇಳಿದಳು. ಪ್ರಾಂತೀಯ ಗಾಡಿಯ ಕಾಗದದ ಟಿಕೇಟು ಯಾವ ಗಾಡಿಗೂ ಕಟ್ಟಿಲ್ಲದ್ದು. ಆದುದರಿಂದ ಒಮ್ಮೆ ಪ್ರಯಾಣ ಮಾಡಿ ಅದನ್ನೇ ಮತ್ತೊಮ್ಮೆ ತೋರಿಸಬಹುದಷ್ಟೆ. ಅದಕ್ಕಾಗಿ ಪ್ಲಾಟ್‌ಫಾರ್ಮಿನ ಬಳಿ ಹಸಿರು ಬಿಳಿ ಬಣ್ಣದ ಪುಟ್ಟ ಪೆಟ್ಟಿಗೆಗಳಿರುತ್ತವೆ. ಹತ್ತುವ ಮುನ್ನ ಟಿಕೇಟನ್ನು ಅದರ ಬಾಯಿಗೆ ತೂರಿಸಿದರೆ ದಿನವೂ ವೇಳೆಯೂ ಅಚ್ಚಾಗುವುದು. ಅಲ್ಲಿಂದ ನಾಲ್ಕು ಗಂಟೆಯ ಕಾಲ ಟಿಕೇಟಿಗೆ ಆಯುಸ್ಸು. ಫೋನಿನಲ್ಲಿ ಕೊಂಡವರಿಗೆ ಕಾಗದದ ಮುದ್ರೆಯಿಲ್ಲ; ಅವರು ಹತ್ತುವ ಮುನ್ನ ಫೋನಿನಲ್ಲಿಯೇ ಹಾಜರಿ ಒತ್ತಬೇಕು. ಗಾಡಿಗೆ ಕಟ್ಟಿದ ವೇಗದ ಗಾಡಿಯ ಟಿಕೇಟಿಗೆ ಇದಾವುದೂ ಬೇಡ, ಏಕೆಂದರೆ ಗಾಡಿ ಹೋದೊಡನೆ ಅದು ತಾನಾಗಿಯೇ ಸತ್ತಿತು. ಪೆಟ್ಟಿಗೆ ಕೆಟ್ಟಿದ್ದರೆ ಪರೀಕ್ಷಕರು ನಮ್ಮ ಬಳಿಗೆ ಬರುವವರೆಗೆ ಕಾಯದೆ, ನಾವೇ ಅವರ ಬಳಿಗೆ ಹೋಗಿ ಹೇಳಬೇಕು.

ಕೇಳುತ್ತಿದ್ದಂತೆ ನಮಗೆ ನೆನಪಾದುದು ನಮ್ಮ ಬಾಲ್ಯದ ರಟ್ಟಿನ ಟಿಕೇಟು. ಎಡ್ಮಂಡ್ಸನ್ ಎಂಬ ಇಂಗ್ಲಿಷ್ ಸ್ಟೇಷನ್ ಮಾಸ್ತರನು 1830ರ ದಶಕದಲ್ಲಿ ಕಂಡುಹಿಡಿದ ಆ ಪುಟ್ಟ ರಟ್ಟಿಗೆ, ಕಿಟಕಿಯ ಹಿಂದಿನ ಗುಮಾಸ್ತರು ಕಬ್ಬಿಣದ ಯಂತ್ರದಲ್ಲಿ 'ಟಕ್' ಎಂದು ತಾರೀಖು ಒತ್ತಿ ನಮ್ಮ ಕಡೆಗೆ ಎಸೆಯುತ್ತಿದ್ದರು. ನಮ್ಮಲ್ಲಿ ಆ 'ಟಕ್' ಗುಮಾಸ್ತರ ಕೆಲಸವಾಗಿತ್ತು; ಅಲ್ಲಿ ಅದು ಪ್ರಯಾಣಿಕನ ಕೆಲಸ. ಇಷ್ಟೇ ವ್ಯತ್ಯಾಸ, ಆದರೆ ಹೇಳುವವರಿಲ್ಲದಿದ್ದರೆ ತಿಳಿಯುವುದಾದರೂ ಹೇಗೆ?

ಮಾರನೆಯ ದಿನ ಹನ್ನೊಂದಕ್ಕೆ ಕಾಲು ಗಂಟೆ ಮುಂಚೆಯೇ ನಾವು ಸಭಾಂಗಣದಲ್ಲಿದ್ದೆವು. ಹುಡುಗಿ ಚೆನ್ನಾಗಿಯೇ ಉತ್ತರ ಹೇಳಿದಳು. ಎಲೆಯ ಕಿರೀಟವನ್ನಿಟ್ಟು ತೆಗೆದ ಚಿತ್ರ ಈಗ ಮೈಸೂರಿನಲ್ಲಿ ನಮ್ಮ ತಂಗಿಯ ಮನೆಯ ಗೋಡೆಯ ಮೇಲಿದೆ. ವಾರ ಕಳೆದು ಹಿಂದಿರುಗುವಾಗ ನಿಲ್ದಾಣದ ಪಕ್ಕದ ಪತ್ರಿಕೆಯಂಗಡಿಯಲ್ಲಿ ವೆರೋನಾದ ಟಿಕೇಟು ಕೊಂಡೆವು. ಕೆಲವು ಕಡೆ ಅಂತಹ ಅಂಗಡಿಗಳಲ್ಲಿಯೂ ಸಿಕ್ಕುತ್ತದೆ. ನಮ್ಮ ಮನೆಯವರು ಎರಡು ಟಿಕೇಟನ್ನೂ ನಮ್ಮ ಕೈಯಿಂದ ಕಸಿದುಕೊಂಡು, ತಾವೇ ಪೆಟ್ಟಿಗೆಗೆ ತೂರಿಸಿ, ಮುದ್ರೆ ಬಿದ್ದಿದೆಯೋ ಇಲ್ಲವೋ ಎಂದು ಕನ್ನಡಕ ಹಾಕಿಕೊಂಡು ನೋಡಿ, ಆಮೇಲೆ ಗಾಡಿ ಹತ್ತಿದರು. ವೆರೋನಾದವರೆಗೆ ಒಬ್ಬ ಪರೀಕ್ಷಕರೂ ಬರಲಿಲ್ಲ.